ಮೂರು ಮನೆಗಳ ಸರದಿ

ಟ್ರಿಪ್ಲಿಕೇನ್ ಮೆಸ್ಸಿನಲ್ಲಿ ಪೊಂಗಲ್ ತಿಂದು ಬೀಚ್ ಸ್ಟೇಷನ್ನಿನಲ್ಲಿ ಏಳು ಗಂಟೆಯ ಲೋಕಲ್ ಹಿಡಿದೆ. ಎಣ್ಣೂರಿಗೆ ಹತ್ತು ರೂಪಾಯಿ. ಹಿಂದಿನ ವಾರ ಕಾಲೇಜಿನ ಚರ್ಚಾಸ್ಪರ್ಧೆಯಲ್ಲಿ, ಹಳ್ಳಿ ಖಾಲಿಯಾದರೆ ಉಳಿದವರ ಪಾಲು ಹೆಚ್ಚುತ್ತದೆ, ಅಳುವುದೇಕೆ ಎಂದು ವಾದಿಸಿ ಗೆದ್ದಿದ್ದೆ. ಸೋತ ಕವಿತಾ ಎಣ್ಣೂರಿನ ಮೀನುಗಾರರ ಮಗಳು. ಒಮ್ಮೆ ಬಂದು ನೋಡು, ಆಮೇಲೆ ಬಾಯಿ ಬಿಡು ಎಂದಿದ್ದಳು.

ಶೇರ್ ಆಟೋ ಇಳಿದ ಮೇಲೆ ಬೂದಿ ಹಾರುವ ರಸ್ತೆಯಲ್ಲಿ ಎರಡು ಕಿಲೋಮೀಟರ್ ನಡಿಗೆ. ಎಂಟೂವರೆಗೇ ಬಿಸಿಲು ಚುರುಗುಟ್ಟುತ್ತಿತ್ತು. ವಿದ್ಯುತ್ ಸ್ಥಾವರದ ಚಿಮಣಿಗಳಾಚೆ, ಹಿನ್ನೀರಿನ ಅಂಚಿನಲ್ಲಿ ಅವಳ ಊರು. ಮನೆಗಳು ಇಪ್ಪತ್ತಕ್ಕೂ ಹೆಚ್ಚು. ಬೀಗ ಬೀಳದವು ಮೂರೇ. ಉಳಿದವರು ಗುತ್ತಿಗೆ ಕೆಲಸ ಹುಡುಕಿ ಪೇಟೆ ಸೇರಿದ್ದರು.

ಇಲ್ಲಿ ಸಿಗಡಿ ಹಿಡಿಯಲು ಮನೆಗೊಂದು ಸರದಿ. ಆ ದಿನ ನೀರೆಲ್ಲ ಆ ಮನೆಯದೇ. ತಿಂಗಳಿಗೊಮ್ಮೆ ಬರುತ್ತಿದ್ದ ಸರದಿ ಈಗ ಮೂರು ದಿನಕ್ಕೊಮ್ಮೆ ಬರುತ್ತದೆಂದು ಕವಿತಾಳ ಅಪ್ಪ ಸೆಲ್ವಂ ಹೇಳಿದರು. ಹಾಗಾದರೆ ನಿಮಗೆ ಲಾಭವೇ ಆಯಿತಲ್ಲ ಎಂದೆ.

"ಸರದಿ ಬಂತು ತಂಬಿ. ಬಲೆಯ ಆ ತುದಿ ಹಿಡಿಯೋಕೆ ಯಾರು ಬಂದರು?"

ಬಲೆಗೆ ನಾಲ್ವರು ಬೇಕು, ನಾಲ್ವರೂ ಆ ಮನೆಯವರೇ ಆಗಬೇಕು. ತಮ್ಮಂದಿರು ಊರು ಬಿಟ್ಟ ಮೇಲೆ ಸೆಲ್ವಂ ಎರಡು ಸರದಿ ತಪ್ಪಿಸಿದ್ದರು. ಮೂರನೆಯದೂ ತಪ್ಪಿದರೆ ಮನೆಯ ಹಕ್ಕೇ ಹೋಗುತ್ತದೆ. ಆ ಮೂರನೆಯದು ಅವತ್ತೇ. ನಾನು ಪ್ಯಾಂಟು ಮಡಚಿದೆ. ಊರ ಹಿರಿಯ ಮಾರಿಯಪ್ಪನ್ ಹೊರಗಿನವರು ನಡೆಯದು ಎಂದರು. ಹಾಗಾದರೆ ಕವಿತಾ ಇಳಿಯಲಿ, ಮಗಳು ಮನೆಯವಳಲ್ಲವೇ ಎಂದು ಪಟ್ಟು ಹಿಡಿದೆ.

"ನನಗೆ ಬಲೆ ಬಿಡಿಸೋಕೂ ಬರಲ್ಲ. ನೀನು ಸುಮ್ಮನಿರು," ಎಂದಳು ಕವಿತಾ.

ಮಾರಿಯಪ್ಪನ್ ಲೆಕ್ಕ ಹಾಕಿದರು: ತಾವು, ತಮ್ಮ ಮಗ, ಮೂರನೇ ಮನೆಯವನು, ಸೆಲ್ವಂ. ಊರಿಗೆಲ್ಲ ನಾಲ್ಕೇ ಗಂಡಸರು, ಇನ್ನು ಯಾವ ಮನೆಯೂ ತಾನೇ ಒಂದು ಬಲೆ ಎಳೆಯಲಾರದು. ಸರದಿಯನ್ನೇ ಎತ್ತಿಬಿಡೋಣ, ಇನ್ನು ಎಲ್ಲರಿಗೂ ಒಂದೇ ಬಲೆ ಎಂದರು. ನನ್ನನ್ನು ಕೇಳಿದ್ದರೆ ನಾನೂ ಅದನ್ನೇ ಹೇಳುತ್ತಿದ್ದೆ.

ಸೆಲ್ವಂ ದೋಣಿಯ ಅಂಚು ಹಿಡಿದು ನಿಂತಿದ್ದರು. "ನಾಳೆಯಿಂದ ಎತ್ತಿ ಅಣ್ಣಾ. ಇವತ್ತಿನದು ನಮ್ಮಪ್ಪನಿಂದ ಬಂದ ಸರದಿ."

ಮಾರಿಯಪ್ಪನ್ ಲುಂಗಿ ಎತ್ತಿ ಕಟ್ಟಿ ಸೆಲ್ವಂ ದೋಣಿ ಹತ್ತಿದರು. "ಆಯಿತು. ಇವತ್ತೊಂದು ದಿನ ನಾವೂ ನಿನ್ನ ಮನೆಯವರೇ."

ಹನ್ನೊಂದಕ್ಕೆ ದೋಣಿ ಮರಳಿತು. ಅಷ್ಟರಲ್ಲಿ ಕವಿತಾ ನನಗೆ ಅಂಬಲಿ, ಈರುಳ್ಳಿ ಕೊಟ್ಟಿದ್ದಳು. ಸಿಕ್ಕಿದ್ದು ಅರ್ಧ ಬುಟ್ಟಿ ಸಿಗಡಿ. ಕಟ್ಟಳೆಯಂತೆ ಅಷ್ಟೂ ಸೆಲ್ವಂ ಮನೆಗೆ. ಅವರು ಎರಡು ಹಿಡಿ ತೆಗೆದು ಚಾಚಿದರೂ ಯಾರೂ ಮುಟ್ಟಲಿಲ್ಲ. ನಾನು ರಸ್ತೆ ಹತ್ತಿ ತಿರುಗಿ ನೋಡಿದಾಗ ಉಳಿದ ಮೂವರು ಬರಿಗೈಯಲ್ಲಿ ತಮ್ಮ ಮನೆಗಳ ಕಡೆ ನಡೆಯುತ್ತಿದ್ದರು.