ರಾಣಿಯ ಎಡಗಡೆಯ ಸಖಿ

ನಾಗವ್ವನಿಗೆ ಈಗ ತೊಂಬತ್ತಮೂರು. ನೆವಾರ್ಕಿನಲ್ಲಿ ಮೊಮ್ಮಗಳು ಮೈಥಿಲಿಯ ಮನೆಯಲ್ಲಿದ್ದಾಳೆ. ಗದಗಿನ ನಾಟಕ ಕಂಪನಿಯಿಂದ ಹದಿನೈದನೆಯ ವಯಸ್ಸಿಗೆ ಮುಂಬಯಿಗೆ ಹೋಗಿ, ಮದುವೆಯಾಗುವ ತನಕ ಹಿಂದಿ ಚಿತ್ರಗಳಲ್ಲಿ ನಾಯಕಿಯ ಗೆಳತಿಯಾಗಿಯೋ ರಾಣಿಯ ಸಖಿಯಾಗಿಯೋ ಪಾರ್ಟು ಮಾಡಿದೆ ಎನ್ನುತ್ತಾಳೆ. ಹಿಂದಿ ಬಾರದು, ಹೇಳಿಕೊಟ್ಟ ಎರಡು ಮಾತು ಬಾಯಿಪಾಠ. ಹುಬ್ಬಳ್ಳಿಯ ಗಂಡನ ಮನೆಯಲ್ಲಿ ಸಿನಿಮಾದ ಸುದ್ದಿಯನ್ನೇ ಎತ್ತುವಂತಿರಲಿಲ್ಲ. ಗಂಡ ತೀರಿಕೊಂಡ ಮೇಲೆಯೇ ಬಾಯಿ ಬಿಟ್ಟದ್ದು.

ಶನಿವಾರ ಕನ್ನಡ ಸಂಘದಲ್ಲಿ ಅವಳಿಗೆ ಸನ್ಮಾನ. ಅಜ್ಜಿಯ ಹೆಸರು ಸೂಚಿಸಿದವಳು ಮೈಥಿಲಿಯೇ. ಕಾರ್ಯಕ್ರಮದ ಹೊಣೆ ಹೊತ್ತ ಅರವಿಂದ ವಾಲ್ನಟ್ ಕ್ರೀಕ್ ಊರಿನಿಂದ ಬಂದವರು ನೇರ ಮೈಥಿಲಿಯಿದ್ದ ಅಡುಗೆಮನೆಗೆ ಹೋಗಿ ದನಿ ತಗ್ಗಿಸಿದರು.

"ಬೇಜಾರ್ ಮಾಡ್ಕೋಬೇಡಮ್ಮ. ಅಜ್ಜಿ ಹೇಳಿದ ಫಿಲ್ಮು ಇಂಟರ್ನೆಟ್ಟಲ್ಲಿ ಸಿಕ್ತು, ಪೂರ್ತಿ ನೋಡ್ದೆ. ರಾಣಿ ತವರಿಗೆ ಹೊರಟಾಗ ನಾನು ಕಣ್ಣೊರೆಸ್ಕೊಂಡೆ ಅಂತಾರಲ್ಲ, ಅದ್ರಲ್ಲಿ ರಾಣಿ ತವರಿಗೆ ಹೋಗೋದೇ ಇಲ್ಲ. ನಟರ ಹೆಸರುಗಳಲ್ಲೂ ಇವ್ರಿಲ್ಲ. ನಮ್ಮ ಆಡಿಯನ್ಸಲ್ಲಿ ಹಳೇ ಫಿಲ್ಮು ಅರೆದು ಕುಡಿದೋರಿದ್ದಾರೆ. ಯಾರಾದ್ರೂ ಎದ್ದು ಕೇಳಿದ್ರೆ ಮರ್ಯಾದೆ ಹೋಗೋದು ಅಜ್ಜೀದು."

ಮೈಥಿಲಿಗೆ ಇನ್ನೊಂದು ನೆನಪಾಯಿತು. ಮೊನ್ನೆ ಗ್ರೋಸರಿ ಅಂಗಡಿಯಲ್ಲಿ ಅಜ್ಜಿ ಯಾರೋ ಅಪರಿಚಿತರಿಗೆ ತಾನು ಶಾಲೆಯ ಹೆಡ್‌ಮಿಸ್ ಆಗಿದ್ದೆ ಎಂದಿದ್ದಳು. ಯಾಕೆಂದು ಕೇಳಿದರೆ "ಸುಮ್ನ" ಎಂದು ನಕ್ಕಿದ್ದಳು.

"ಕಿವಿ ಕೇಳಸ್ತಾವ ನನಗ!" ಹಾಲಿನಿಂದ ನಾಗವ್ವನ ದನಿ. "ತಪಾಸ ಮಾಡಾಕ ಬಂದ ಪೊಲೀಸಪ್ಪಗ ಚಾ ಕೊಡವಾ. ಹಂಗ ಆ ಸಿನಿಮಾ ಹಚ್ಚು, ನಾನೂ ನೋಡಿಲ್ಲ."

"ನಿಮ್ಮ ಫಿಲ್ಮು ನೀವೇ ನೋಡಿಲ್ವಾ, ಅಮ್ಮಾ?" ಎಂದರು ಅರವಿಂದ.

"ಆಗ ಸಿನಿಮಾ ಕಂಪನ್ಯಾಗ ಸೂಟಿ ಕೊಡ್ತಿರಲಿಲ್ಲ, ಆಮ್ಯಾಲೆ ಗಂಡ ಬಿಡ್ತಿರಲಿಲ್ಲ. ಸಖ್ಯಾರಿಗೆ ಯಾರು ಕಥಿ ಹೇಳ್ತಾರ ತಮ್ಮಾ? ನಿಂದ್ರು ಅಂದಲ್ಲೆ ನಿಂದ್ರೋದು."

ಸುಳ್ಳು ಹೇಳುವವರಿಗೂ ಇದೇ ಉತ್ತರ ಅನುಕೂಲ ಎಂದುಕೊಳ್ಳುತ್ತಲೇ ಮೈಥಿಲಿ ಟೀವಿ ಹಚ್ಚಿದಳು. ಬೂದು ಬಣ್ಣದ, ಮಸುಕಾದ ಚಿತ್ರ. ರಾಣಿಯ ಎಡಗಡೆ ಬೀಸಣಿಗೆ ಹಿಡಿದ ಹುಡುಗಿಯ ಮುಖ ಅರ್ಧವೇ ಕಾಣುತ್ತಿತ್ತು. ಅದು ಯಾರದ್ದಾದರೂ ಆಗಬಹುದಿತ್ತು. "ನಾನs" ಎಂದಷ್ಟೇ ಅಂದಳು ನಾಗವ್ವ.

ಆಮೇಲೆ ರಾಣಿಯ ಹಸುಗೂಸು ಸತ್ತ ದೃಶ್ಯ ಬಂತು. ಅಂತಃಪುರಕ್ಕೆ ಅಂತಃಪುರವೇ ಎದೆ ಬಡಿದುಕೊಳ್ಳುತ್ತಿದೆ. ಎಡಗಡೆಯ ಸಖಿ ಮಾತ್ರ ಯಾರನ್ನೋ ಬಸ್ಸಿಗೆ ಹತ್ತಿಸಲು ಬಂದವಳಂತೆ ಕಿರುನಗೆಯಲ್ಲೇ ಸೆರಗಿನ ತುದಿಯಿಂದ ಕಣ್ಣೊರೆಸಿಕೊಂಡಳು.

ನಾಗವ್ವ ತೊಡೆ ಬಡಿದಳು. "ಕೂಸು ಸತ್ತೈತೇನು! ರಾಣಿ ತವರಿಗೆ ಹೊಂಟಾಳ, ಒಂಚೂರು ಕಣ್ಣು ಒರಸ್ಕೊ ಅಂದಿದ್ದ ನನಗ ಪಾಠ ಹೇಳಾಂವ, ಹಾಳಾದವ! ಉಳದವ್ರು ಹಿಂಗ್ಯಾಕ ಹೊಯ್ಕೋತಾರ ಅಂತ ನನಗ ಅವತ್ತs ಸಂಶಯ ಬಂದಿತ್ತು."

ಅರವಿಂದ ಆ ಭಾಗವನ್ನು ಹಿಂದೆ ಮಾಡಿ ನೋಡಿದರು. ಮತ್ತೊಮ್ಮೆ ನೋಡಿದರು.

"ಮುಖದಿಂದ ಹೇಳಕ್ಕಾಗಲ್ಲ," ಎಂದರು ಕೊನೆಗೆ. "ಆದ್ರೆ ಆ ನಗು ಅಜ್ಜಿ ಹೇಳಿದ ಕಥೆಗೇ ಹೊಂದುತ್ತೆ. ಸುಳ್ಳು ಹೇಳೋರು ಸರಿಯಾದ ಕಥೆ ಓದ್ಕೊಂಡು ಬರ್ತಾರೆ, ಮೈಥಿಲಿ. ಅಮ್ಮಾ, ಶನಿವಾರ ಸ್ಟೇಜಲ್ಲಿ ಇದೇ ಕ್ಲಿಪ್ಪು ಹಾಕ್ತೀವಿ."

ನಾಗವ್ವ ಅವರನ್ನು ಓರೆಗಣ್ಣಿನಿಂದ ನೋಡಿದಳು.

"ಇದನ್ನ? ನಾಕು ಮಂದಿ ಮುಂದ? ಕೂಸು ಸತ್ತ ಮನ್ಯಾಗ ನಗಾಕಿ ಯಾರು ಅಂತ ಕೇಳಿದ್ರ, ನಾನಲ್ಲ ಅಂತೀನಿ ನೋಡು."