ಕುಳ್ಳು ಗೋಪುರ

ಅಕ್ಕನ ಕುಬಸದ ಕಾರ್ಯ ಹತ್ತಿರ ಬಂದಾಗಲೇ ಅವ್ವನ ಕಣ್ಣಿನ ಪೊರೆ ಬಲಿಯಿತು. ಧಾರವಾಡದ ಕಡೆಯಿಂದ ತೆಲುಗು ನಾಡಿಗೆ ಬಂದು ನೆಲೆಸಿದ ನಮ್ಮ ಮನೆತನದಲ್ಲಿ ಬಸುರಿ ಮಗಳಿಗೆ ಆ ದಿನ ಉಡಿಸುವ ಹಸಿರು ಸೀರೆಯ ಸೆರಗಿಗೆ ತಾಯಿಯೇ ಕಸೂತಿ ಹಾಕಬೇಕು. ಬಟ್ಟೆಯ ಮೇಲೆ ಗೆರೆ ಬರೆದುಕೊಳ್ಳುವಂತಿಲ್ಲ, ನೂಲಿನ ಎಳೆ ಎಣಿಸುತ್ತಲೇ ಸೂಜಿ ಹಾಯಿಸಬೇಕು. ಅವ್ವನಿಗೆ ಎಳೆ ಕಾಣುವುದೇ ನಿಂತಿತ್ತು.

"ಕೋಠಿ ಬಜಾರದೊಳಗ ಮಶೀನಿನ ಕಸೂತಿ ಸೀರಿ ಸಿಗ್ತಾವ, ತಂದ್ರಾತು" ಎಂದರು ಅಪ್ಪ. ಅವ್ವ ಅವತ್ತು ಊಟಕ್ಕೇ ಏಳಲಿಲ್ಲ.

"ನಾ ಹಾಕ್ತೀನಿ ಬಿಡವ್ವ" ಎಂದೆ ನಾನು, ದೊಡ್ಡ ಧೈರ್ಯದಿಂದ. ಆಗ ಏಳನೆಯ ತರಗತಿ. ಸೂಜಿ ಹಿಡಿಯಲು ಬರುತ್ತಿತ್ತು. ಗಣಿತ ಮಾತ್ರ ನನ್ನನ್ನು ಕಂಡರೆ ಮುಖ ತಿರುಗಿಸಿಕೊಂಡು ಹೋಗುತ್ತಿತ್ತು.

ಅವ್ವನ ಹಳೆಯ ಸೀರೆಯಲ್ಲಿದ್ದ ಸಣ್ಣ ಗೋಪುರದ ಚಿತ್ತಾರವನ್ನು ಸೆರಗಿಗೆ ದೊಡ್ಡದು ಮಾಡಬೇಕಿತ್ತು. ಅದು ಹನ್ನೆರಡು ಎಳೆ ಅಗಲ, ಹದಿನೆಂಟು ಎಳೆ ಎತ್ತರ. ನಾನು ಅಗಲಕ್ಕೆ ಇಪ್ಪತ್ತನಾಲ್ಕು ಕೂಡಿಸಿ ಮೂವತ್ತಾರು ಮಾಡಿದೆ. ಎತ್ತರಕ್ಕೂ ಅಷ್ಟೇ ಕೂಡಿಸಿದೆ, ನಲವತ್ತೆರಡಾಯಿತು. ಇಬ್ಬರಿಗೂ ಸಮಪಾಲು, ಜಗಳವೇ ಇಲ್ಲ! ಪುಣ್ಯಕ್ಕೆ ಮೊದಲು ಒಂದು ತುಂಡು ಬಟ್ಟೆಯ ಮೇಲೆ ಹಾಕಿ ನೋಡಿದ್ದೆ. ಅವ್ವ ಅದನ್ನು ಕಿಟಕಿಯ ಬೆಳಕಿಗೆ, ಮೂಗಿನ ತನಕ ಒಯ್ದು ನೋಡಿದಳು.

"ಇದೇನವಾ, ಗೋಪುರ ಯಾಕ ಕುಂತುಬಿಟ್ಟೈತಿ? ಎಬ್ಬಿಸಿ ನಿಂದ್ರಿಸು."

ಹೇಗೆ ನಿಲ್ಲಿಸುವುದೆಂದು ಅವಳಿಗೂ ಹೇಳಲು ಬರಲಿಲ್ಲ. ತನ್ನ ತಾಯಿ ಕಲಿಸಿದ ಅಳತೆ ಬಿಟ್ಟು ಅವಳು ಬೇರೆ ಅಳತೆಗೆ ಕೈ ಹಾಕಿದವಳೇ ಅಲ್ಲ.

ಮಾರನೆಯ ದಿನ ಕಾಚಿಗೂಡದ ನಮ್ಮ ಶಾಲೆಯಲ್ಲಿ, ಡೆಸ್ಕಿನ ಕೆಳಗೆ ಆ ಹೊಲಿಗೆ ಬಿಚ್ಚುತ್ತ ಕುಳಿತಿದ್ದಾಗ ಗಣಿತದ ಟೀಚರ್ ಕೈಗೆ ಸಿಕ್ಕಿಬಿದ್ದೆ. ತೆಲುಗಿನವರು, ನನ್ನ ಜೊತೆ ಹಿಂದಿಯಲ್ಲೇ ಮಾತು. ಬಯ್ಗುಳಕ್ಕೆ ತಲೆ ತಗ್ಗಿಸಿ ನಿಂತರೆ, ಅವರು ಕೇಳಿದ್ದು ಗೋಪುರ ಯಾಕೆ ಇಷ್ಟು ದಪ್ಪಗಾಯಿತು ಎಂದು. ನನ್ನ ಸಮಪಾಲಿನ ಕಥೆ ಹೇಳಿದೆ. ಅವರು ಹಲಗೆಯ ಮೇಲೆ ಹನ್ನೆರಡು, ಹದಿನೆಂಟು ಬರೆದು, ಹನ್ನೆರಡು ಮೂವತ್ತಾರಾಗಬೇಕಾದರೆ ಎಷ್ಟರಿಂದ ಗುಣಿಸಬೇಕು ಎಂದರು. ಮೂರರಿಂದ. ಹಾಗಾದರೆ ಎತ್ತರವನ್ನೂ ಮೂರರಿಂದಲೇ ಗುಣಿಸು, ಐವತ್ತನಾಲ್ಕು. ಅಗಲ ಎರಡಾದರೆ ಎತ್ತರ ಮೂರು, ಗೋಪುರ ಸಣ್ಣದಿರಲಿ ದೊಡ್ಡದಿರಲಿ ಅನುಪಾತ ಅದೇ. ಅಲ್ಲಿಯವರೆಗೆ ಪಾಠದ ಪುಸ್ತಕದಲ್ಲಿ ಸುಮ್ಮನೆ ಅಂಕಿಗಳ ನಡುವಿನ ಎರಡು ಚುಕ್ಕಿಯಾಗಿದ್ದ ಅನುಪಾತ ಅವತ್ತು ನನ್ನ ಬೆರಳಿಗೇ ಅರ್ಥವಾಯಿತು. ಬಟ್ಟೆ ಕಸಿದುಕೊಳ್ಳದೆ ಪಾಠ ಮಾಡಿದ ಆ ಟೀಚರನ್ನು ನೆನೆದರೆ ಈಗಲೂ ಕೈ ಮುಗಿಯಬೇಕೆನಿಸುತ್ತದೆ.

ಕುಬಸದ ದಿನ, ಗೋಪುರ ಎದ್ದು ನಿಂತಿದ್ದ ಅಕ್ಕನ ಸೆರಗನ್ನು ಹಿಡಿದು ನೋಡದ ಹೆಂಗಸರಿಲ್ಲ. ಬೀಗಿತ್ತಿಯಂತೂ, "ಕಣ್ಣು ಕಾಣಂಗಿಲ್ಲ ಅಂತಿದ್ರಿ, ಕೈ ಭಾಳ ಚೊಲೊ ಐತಲ್ರಿ!" ಎಂದು ಅವ್ವನನ್ನು ಹೊಗಳಿದರು. ನಾನು ಅವ್ವನ ಹಿಂದೆ ಸರಿದೆ. ತಾಯಿಯ ಕೈಯದಲ್ಲ ಎಂದು ತಿಳಿದರೆ ಆಡಿಕೊಳ್ಳುತ್ತಾರೆಂಬ ಭಯ ನನಗೆ.

ಅವ್ವ ತಡಕಾಡಿ ನನ್ನ ರಟ್ಟೆ ಹಿಡಿದು ಮುಂದೆ ಎಳೆದಳು.

"ನನ್ನ ಕೈ ಅಲ್ಲರಿ. ನಮ್ಮ ಸಣ್ಣಾಕಿ ಲೆಕ್ಕ ಹಾಕಿ ಮಾಡ್ಯಾಳ."