ಧನಪತಿಯ ಕೋಳಿಗೊಬ್ಬರ

ನಮ್ಮ ಸಿಂಗಾಟೋಕಾ ಕಣಿವೆಯ ಧನಪತಿ ತನ್ನ ನೆರಳನ್ನೂ ತಡೆದು ವಿಚಾರಿಸುವ ಆಸಾಮಿ. ಆ ವರ್ಷ ಬದನೆಗೆಂದು ಒಂದು ಲಾರಿ ಕೋಳಿಗೊಬ್ಬರ ತರಿಸಿದ.

"ಹಸಿ ಗೊಬ್ಬರ ಬೇರು ಸುಡುತ್ತೆ ಕಾಕಾ. ಮೂರು ತಿಂಗಳು ಕೊಳೆಯೋಕೆ ಬಿಡು," ಎಂದ ಪಕ್ಕದ ಹೊಲದ ಸೆಮೇಸಾ.

"ಅಷ್ಟರಲ್ಲಿ ನೀನು ಬುಟ್ಟಿ ಬುಟ್ಟಿ ಹೊತ್ಕೊಂಡು ಹೋಗೋಕಾ?"

ಧನಪತಿ ಅಂದೇ ಅಷ್ಟನ್ನೂ ಸಸಿಗಳ ಬುಡಕ್ಕೆ ಸುರಿದ. ವಾರದಲ್ಲಿ ಸಸಿಗಳೆಲ್ಲ ಸುಟ್ಟ ಹಪ್ಪಳವಾದವು.

"ನಿನ್ನ ಕಣ್ಣು ಬಿತ್ತು ಕಣೋ!" ಎಂದು ಜಗಳಕ್ಕೆ ಹೋದವನನ್ನು ಸೆಮೇಸಾ ಕೂರಿಸಿ, ಯಾಂಗೋನಾ ಬೇರಿನ ಪಾನಕ ಕುಡಿಸಿ, ತನ್ನ ಬದನೆ ಬೀಜ ಕೊಟ್ಟ.

"ಇದ್ರಲ್ಲೇನು ಮಸಲತ್ತು?" ಎಂದು ಮೂಸಿಯೇ ಒಯ್ದ ಧನಪತಿ, ಮುಂದಿನ ಲಾರಿಯ ಗೊಬ್ಬರವನ್ನು ಕೊಳೆಯಲು ಬಿಟ್ಟು, ಅದರ ಮೇಲೆಯೇ ಕುರ್ಚಿ ಹಾಕಿ ಮೂರು ತಿಂಗಳು ಕಾದ.

ಆ ಸಲ ಒಂದೊಂದು ಬದನೆ ಹೊರಲೂ ಇಬ್ಬರು ಬೇಕಾಯಿತು. ಒಂದು ತುದಿ ತಾನೇ ಹಿಡಿದ ಧನಪತಿ, ಇನ್ನೊಂದನ್ನು ಸೆಮೇಸಾನಿಗೇ ಕೊಟ್ಟ, ಅವನ ಎರಡೂ ಕೈ ಕಣ್ಣೆದುರೇ ಇರಲಿ ಎಂದು.